ಕೆಂಪು ಎಚ್ಚರಿಕೆ ಬಂದರೆ

ಭಾನುವಾರ ಬೆಳಿಗ್ಗೆ ಒಲೆಯ ಮೇಲೆ ಹಾಲು ಉಕ್ಕುವ ಹೊತ್ತಿಗೆ ಮುಂದಿನ ಕೋಣೆಯಿಂದ ಮಾವನ ದನಿ ಬಂತು.

"ಇದು ಮತ್ತೆ ಮುನಿಸ್ಕೊಂಡು ಕೂತಿದೆ ನೋಡ್ರೇ."

ಮುನಿಸಿಕೊಂಡದ್ದು ಕಂಪ್ಯೂಟರು. ಆ ಮನೆಯಲ್ಲಿ ಮುಂದಿನ ಕೋಣೆಯೇ ಅಂಗಡಿ. ಬೀದಿಗೆ ತೆರೆದ ಬಾಗಿಲು, ಮೂಲೆಯಲ್ಲಿ ಬಣ್ಣಬಣ್ಣದ ಸ್ಟಿಕ್ಕರ್ ಹಾಳೆಯ ಸುರುಳಿಗಳು, ಗೋಡೆಗೆ ಒರಗಿಸಿದ ತಗಡಿನ ಹಲಗೆಗಳು, ನಡುವೆ ಕತ್ತರಿಸುವ ಯಂತ್ರ. ಕಂಪ್ಯೂಟರಿನಲ್ಲಿ ಅಕ್ಷರ ಜೋಡಿಸಿ ಕಳಿಸಿದರೆ ಯಂತ್ರದ ಸಣ್ಣ ಅಲಗು ಸ್ಟಿಕ್ಕರ್ ಹಾಳೆಯ ಮೇಲೆ ಓಡಾಡಿ ಅವನ್ನು ಕೊರೆಯುತ್ತಿತ್ತು. ಬಿಡಿಸಿ ಹಲಗೆಗೆ ಅಂಟಿಸಿದರೆ ಬೋರ್ಡು ಸಿದ್ಧ. ಮಾವ ಮೂವತ್ತು ವರ್ಷ ಕುಂಚ ಹಿಡಿದು ಬೋರ್ಡು ಬರೆದವರು. ಆಮೇಲೆ ಮಗ ಯಂತ್ರ ತಂದ. ಕುಂಚಗಳು ಡಬ್ಬಿ ಸೇರಿದವು. ಮಗ ಸತ್ತು ಈಗ ಹದಿನಾಲ್ಕು ತಿಂಗಳು. ಯಂತ್ರ ಉಳಿದಿತ್ತು.

ಸೊಸೆ ಹಾಲು ಇಳಿಸಿ ಬಂದು ಪರದೆ ನೋಡಿದಳು. ಅಕ್ಷರ ಜೋಡಿಸುವ ಪ್ರೋಗ್ರಾಂ ತೆರೆಯುತ್ತಿರಲಿಲ್ಲ. ಪರವಾನಗಿ ಸರಿಯಿಲ್ಲ, ಕೊಂಡುಕೊಳ್ಳಿ ಎಂಬ ಎರಡು ಸಾಲು ಮಾತ್ರ ಇತ್ತು.

ಮಾವ ಅದನ್ನು ಓದಲು ಹೋಗಲಿಲ್ಲ. ಗೋಡೆ ಗಡಿಯಾರದ ಹಿಂದೆ ಕೈ ಹಾಕಿ ಒಂದು ರಟ್ಟಿನ ಚೀಟಿ ತೆಗೆದರು, ಕನ್ನಡಕ ಹಾಕಿಕೊಂಡರು.

ಆಸ್ಪತ್ರೆಗೆ ಸೇರಲು ಹೊರಟ ಬೆಳಿಗ್ಗೆ ಮಗ ಬರೆದಿಟ್ಟ ಚೀಟಿ ಅದು. ಸೊಸೆ ಪಕ್ಕದಲ್ಲೇ ಬಟ್ಟೆ ಮಡಿಸಿ ಚೀಲಕ್ಕೆ ತುಂಬುತ್ತಿದ್ದಳು. ಮಂಡಿಯ ಮೇಲೆ ರಟ್ಟಿಟ್ಟುಕೊಂಡು ನೀಲಿ ಪೆನ್ನಿನಲ್ಲಿ ಬರೆದಿದ್ದ. *ಅಪ್ಪಾ, ಪ್ರೋಗ್ರಾಂ ನಿಂತರೆ ಹೀಗೆ ಮಾಡು. ಇಂಟರ್ನೆಟ್ ವೈರು ಕೀಳು. ವೈರಸ್ ಕಾವಲು ಆಫ್ ಮಾಡು. ಎಲ್ಲಾಸಿಗುತ್ತೆ ಹತ್ತಿರ ಹೊಸ ಪ್ರತಿ ಇಸ್ಕೊಂಡು ಹಾಕು. ಕೆಂಪು ಎಚ್ಚರಿಕೆ ಬಂದರೆ ಹೆದರಬೇಡ, ಹೌದು ಒತ್ತು.*

ಎಲ್ಲಾಸಿಗುತ್ತೆ ಎಂದರೆ ಬೀದಿ ಕೊನೆಯ ಜೆರಾಕ್ಸ್ ಅಂಗಡಿಯವನು. ಯಾರು ಏನು ಕೇಳಿದರೂ ಅದೊಂದೇ ಉತ್ತರ ಹೇಳಿ ಹೇಳಿ ಅವನಿಗೆ ಆ ಹೆಸರು ನಿಂತಿತ್ತು. ಬೀಗ ಒಡೆದ ಪ್ರೋಗ್ರಾಂಗಳನ್ನು ಪೆನ್‌ಡ್ರೈವಿಗೆ ತುಂಬಿ ಕೊಡುವುದು ಅವನ ಉಪಕಸುಬು. ಮಾವ ಹಿಂದಿನ ದಿನವೇ ಒಂದು ತಂದಿಟ್ಟಿದ್ದರು.

"ಮಾವ, ಅದು ಬೇಡ" ಎಂದಳು ಸೊಸೆ.

"ಯಾವುದು?"

"ಆ ಪೆನ್‌ಡ್ರೈವು. ಒಳಗೆ ಏನಿರುತ್ತೋ ಯಾರಿಗೂ ಗೊತ್ತಿರಲ್ಲ. ಅವನಿಗೂ ಗೊತ್ತಿರಲ್ಲ."

"ಆರು ವರ್ಷ ನನ್ನ ಮಗ ಇದನ್ನೇ ಹಾಕಿದ್ನಲ್ಲಮ್ಮ. ಏನಾದ್ರೂ ಆಯ್ತಾ?"

"ಆಗ್ಲಿಲ್ಲ."

"ಮತ್ತೆ?"

ಅವಳ ಬಳಿ ಉತ್ತರವಿತ್ತು. ಚೀಟಿಯನ್ನು ನೋಡಿದಳು. 'ಹೆದರಬೇಡ' ಎಂಬಲ್ಲಿ ಪೆನ್ನು ಮಸಿ ಬಿಡದೆ ಅವನು ಎರಡು ಸಲ ತಿದ್ದಿದ್ದ. ಒಳಗೆ ಹೋಗಿ ಚಹಾ ಸೋಸಿದಳು.

ಮಾವ ವೈರು ಕಿತ್ತರು. ಕಾವಲು ಆರಿಸಿದರು. ಪೆನ್‌ಡ್ರೈವು ಚುಚ್ಚಿದರು. ಪ್ರತಿ ಸಾಲಿಗೂ ಚೀಟಿಯ ಮೇಲೆ ಬೆರಳಿಟ್ಟು ಗಟ್ಟಿಯಾಗಿ ಓದಿದರು. ಅಷ್ಟರಲ್ಲಿ ಪರದೆ ತುಂಬ ಕೆಂಪು ಚೌಕವೊಂದು ಎದ್ದಿತು.

"ಬಂತು ನೋಡು, ಕೆಂಪು!" ಮಾವನ ದನಿಯಲ್ಲಿ ಸಂತೋಷವಿತ್ತು. "ಅವನು ಹೇಳಿದ ಹಾಗೇ ಬಂತು. ಹೆದರಬೇಡ ಅಂದಿದ್ದಾನೆ."

ಹೌದು ಒತ್ತಿದರು. ಪ್ರೋಗ್ರಾಂ ತೆರೆಯಿತು. ಚಹಾ ಕುಡಿಯುತ್ತ ಅತ್ತೆ ಬಾಗಿಲಿಗೆ ಬಂದು ನಿಂತು, "ಅವನು ಬುದ್ಧಿವಂತ" ಎಂದರು.

ಬುಧವಾರ ಮಧ್ಯಾಹ್ನ ಸೊಸೆ ತಾನು ಕೆಲಸ ಮಾಡುವ ಗ್ರಂಥಾಲಯದಿಂದ ಊಟಕ್ಕೆ ಮನೆಗೆ ಬಂದಾಗ ಮಾವ ಪರದೆಯ ಮುಂದೆ ಕೈ ಕಟ್ಟಿ ಕುಳಿತಿದ್ದರು. ಹನ್ನೊಂದು ವರ್ಷದ ಬೋರ್ಡುಗಳು ಕಂಪ್ಯೂಟರಿನಲ್ಲಿದ್ದವು. ಬ್ಯಾಂಕಿನದು, ಬೇಕರಿಯದು, ಮೂರು ಶಾಲೆಗಳದು, ಮಗ ತಾನೇ ಕೂತು ಕೆತ್ತಿದ್ದ ಎರಡು ಜಾತಿಯ ಅಕ್ಷರಗಳು. ಈಗ ಯಾವ ಫೈಲೂ ತೆರೆಯುತ್ತಿರಲಿಲ್ಲ. ಎಲ್ಲದರ ಹೆಸರಿಗೂ ಒಂದು ವಿಚಿತ್ರ ಬಾಲ ಅಂಟಿತ್ತು. ನಡುವೆ ಒಂದು ಓಲೆ: ನಿಮ್ಮ ಫೈಲುಗಳಿಗೆ ಬೀಗ ಹಾಕಿದ್ದೇವೆ, ಹಣ ಕಳಿಸಿದರೆ ಕೀಲಿ ಕೊಡುತ್ತೇವೆ.

"ಏನು ಬರೆದಿದೆ?" ಎಂದು ಕೇಳಿದರು ಮಾವ. ಇಂಗ್ಲಿಷಿನ ಯಾವ ಅಕ್ಷರವನ್ನಾದರೂ ಅಚ್ಚಿನ ಹಾಗೆ ಬರೆಯಬಲ್ಲವರು, ಅರ್ಥ ಮಾತ್ರ ಬೇರೆಯವರು ಹೇಳಬೇಕು.

ಅವಳು ಹೇಳಿದಳು.

ಮಾವ ಓಲೆಯ ಹತ್ತಿರಕ್ಕೆ ಬಗ್ಗಿದರು. "ಅಕ್ಷರಕ್ಕೂ ಅಕ್ಷರಕ್ಕೂ ಅಂತರವೇ ಬಿಟ್ಟಿಲ್ಲ" ಎಂದರು. "ದರಿದ್ರ ಕೆಲಸ."

ನಾದಿನಿ ಔಷಧಿ ಅಂಗಡಿಯಲ್ಲಿ ಕೆಲಸಕ್ಕಿದ್ದಳು. ಸಂಜೆ ಬಂದವಳು ಚಪ್ಪಲಿ ಬಿಡುವ ಮೊದಲೇ ವಿಷಯ ತಿಳಿಯಿತು. ನೇರ ಅಡುಗೆಮನೆಗೆ ಬಂದಳು. ಸೊಸೆ ಆಲೂಗಡ್ಡೆ ಸಿಪ್ಪೆ ತೆಗೆಯುತ್ತಿದ್ದಳು.

"ಅತ್ತಿಗೆ, ಹೀಗಾಗುತ್ತೆ ಅಂತ ನಿಂಗೆ ಗೊತ್ತಿತ್ತು."

"ಆಗಬಹುದು ಅಂತ ಗೊತ್ತಿತ್ತು."

"ಮತ್ತೆ ಅಪ್ಪನಿಗೆ ಯಾಕೆ ಹೇಳ್ಲಿಲ್ಲ?"

"ಹೇಳಿದೆ."

"ಎಷ್ಟು ಸಲ?"

"ಒಂದು ಸಲ."

"ಒಂದು ಸಲ! ಉಪ್ಪು ಕಮ್ಮಿ ಅಂತ ಹೇಳೋ ಹಾಗೆ ಒಂದು ಸಲ ಹೇಳಿ ಒಳಗೆ ಬಂದ್ಯಾ? ಕೈ ಹಿಡ್ಕೋಬೇಕಿತ್ತು. ಕಿರುಚಬೇಕಿತ್ತು. ನೀನು ಯಾವಾಗ್ಲೂ ಹೀಗೇ, ಕಲ್ಲಿನ ಹಾಗೆ."

ಸೊಸೆ ಸಿಪ್ಪೆ ತೆಗೆಯುತ್ತಲೇ ಇದ್ದಳು. "ಕೈ ತೊಳ್ಕೊಂಡು ಬಾ. ಈರುಳ್ಳಿ ಹೆಚ್ಚೋದಿದೆ" ಎಂದಳು.

ಊಟದ ಹೊತ್ತಿಗೆ ನಿಜವಾದ ಸಂಕಟ ಹೊರಬಿತ್ತು. ಹೊಸ ಹೆರಿಗೆ ಆಸ್ಪತ್ರೆಯೊಂದು ತನ್ನ ನಲವತ್ತೆಂಟು ಬಾಗಿಲುಗಳ ಫಲಕಗಳನ್ನು ಮಾವನಿಗೆ ವಹಿಸಿತ್ತು. ಮುಂದಿನ ತಿಂಗಳ ಮೊದಲ ದಿನ ಆಸ್ಪತ್ರೆ ತೆರೆಯುವುದು. ಉಳಿದದ್ದು ಮೂರು ವಾರ.

"ಕುಂಚದಲ್ಲಿ ಬರೀತೀನಿ" ಎಂದರು ಮಾವ.

"ಲೋಟ ಹಿಡಿದ್ರೆ ನೀರು ತುಳುಕುತ್ತೆ ನಿಮ್ಮ ಕೈಲಿ" ಎಂದರು ಅತ್ತೆ.

"ಹಾಗಾದ್ರೆ ಇದೇ ಕೊನೆ. ಈ ಕೆಲಸ ಕೈ ತಪ್ಪಿದ್ರೆ ಯಂತ್ರನ ಗಾಜಿನ ಅಂಗಡಿಯವನಿಗೆ ಕೊಟ್ಟು ಬಾಗಿಲು ಹಾಕ್ತೀನಿ. ಅವನು ಎರಡು ಸಲ ಕೇಳಿದ್ದಾನೆ."

ನಾದಿನಿ ಅನ್ನದ ಪಾತ್ರೆ ತಂದೆಯ ಕಡೆ ಸರಿಸಿದಳು. ಅವರು ಅದನ್ನು ವಾಪಸು ಸರಿಸಿದರು.

"ಎಲ್ಲಾಸಿಗುತ್ತೆ ಏನಂತಾನೆ?" ಅತ್ತೆ ಕೇಳಿದರು.

"ಅವನಿಗೇನೂ ಗೊತ್ತಿಲ್ವಂತೆ. ಇನ್ನೊಂದು ಪ್ರತಿ ಕೊಡ್ತೀನಿ, ಇದು ಖಂಡಿತ ಒಳ್ಳೇದು ಅಂದ."

"ತಗೊಂಡು ಬನ್ನಿ ಮತ್ತೆ. ಚೀಟಿಯಲ್ಲಿ ಬರೆದ ಹಾಗೆ ಇನ್ನೊಂದು ಸಲ ಹಾಕಿ. ನೀವೇ ಎಲ್ಲೋ ತಪ್ಪು ಒತ್ತಿರ್ತೀರಿ."

"ಚೀಟಿಯಲ್ಲಿ ಇದ್ದದ್ದನ್ನೇ ಒತ್ತಿದ್ರು" ಎಂದಳು ಸೊಸೆ.

ಅತ್ತೆ ತುತ್ತನ್ನು ತಟ್ಟೆಯಲ್ಲೇ ಬಿಟ್ಟು ಅವಳ ಕಡೆ ತಿರುಗಿದರು. "ಅಂದ್ರೆ? ನನ್ನ ಮಗ ಬರೆದದ್ದು ತಪ್ಪಾ?"

"ತಪ್ಪು."

ಆ ಮಾತು ಹೇಳಿದ ಮೇಲೂ ಅವಳು ಎರಡು ತುತ್ತು ಉಂಡಳು. ಅತ್ತೆ ಎದ್ದು ತಟ್ಟೆ ತೆಗೆದುಕೊಂಡು ಹೋದರು.

ಮರುದಿನದಿಂದ ಅತ್ತೆ ಅವಳೊಂದಿಗೆ ಮಾತು ಬಿಟ್ಟರು. ಕೂಗಾಟವೇನಿಲ್ಲ. ಆ ಮನೆಯಲ್ಲಿ ಪಾತ್ರೆ ತೊಳೆಯುವುದು ಅತ್ತೆಯ ಪಾಲಿನ ಕೆಲಸ. ಎಲ್ಲರ ತಟ್ಟೆಯನ್ನೂ ತೊಳೆದು ಕವುಚಿ ಹಾಕುತ್ತಿದ್ದರು. ಸೊಸೆಯ ತಟ್ಟೆ ಮಾತ್ರ ನಲ್ಲಿಯ ಕೆಳಗೆ ಹಾಗೇ ಉಳಿಯುತ್ತಿತ್ತು. ಅವಳು ತೊಳೆದುಕೊಳ್ಳುತ್ತಿದ್ದಳು.

ಗುರುವಾರ ಸೊಸೆ ಗ್ರಂಥಾಲಯದಿಂದ, ಕಂಪ್ಯೂಟರ್ ನಡೆಸುವ ಹೊಸ ವ್ಯವಸ್ಥೆ ತುಂಬಿದ ಒಂದು ಪೆನ್‌ಡ್ರೈವು ತಂದು ಕಂಪ್ಯೂಟರಿನ ಮುಂದೆ ಕುಳಿತಳು. ಬೀಗ ಬಿದ್ದ ಫೈಲುಗಳನ್ನು ಬೇರೆ ಡಿಸ್ಕಿಗೆ ಸಾಗಿಸಿ, ಅದರ ಮೇಲೆ ದಿನಾಂಕ ಬರೆದು, ಬೀರುವಿನಲ್ಲಿಟ್ಟಳು. ಎಂದಾದರೂ ಯಾರಾದರೂ ಕೀಲಿ ಕಂಡುಹಿಡಿದರೆ ಬೇಕಾದೀತು. ಆಮೇಲೆ ಕಂಪ್ಯೂಟರನ್ನು ಬುಡದಿಂದ ಅಳಿಸಿದಳು. ಮಾವ ಹಿಂದೆ ನಿಂತು ನೋಡಿದರು.

"ಎಲ್ಲಾ ಹೋಯ್ತಾ?"

"ಎಲ್ಲಾ."

"ಇನ್ನೇನು ಹಾಕ್ತೀಯ?"

"ಮುಕ್ತ ತಂತ್ರಾಂಶ ಅಂತ ಇದೆ ಮಾವ. ಮಾಡಿದವರೇ ಪುಕ್ಕಟೆ ಕೊಡ್ತಾರೆ. ಒಳಗೆ ಹೇಗೆ ಹೆಣೆದಿದ್ದಾರೆ ಅಂತ ಯಾರು ಬೇಕಾದ್ರೂ ಬಿಚ್ಚಿ ನೋಡಬಹುದು. ಅಕ್ಷರ ಜೋಡಿಸೋಕೂ ಇದೆ, ಯಂತ್ರಕ್ಕೆ ಕಳಿಸೋಕೂ ಇದೆ."

"ಪುಕ್ಕಟೆ ಅಂದ್ರೆ ಏನೋ ಮಸಲತ್ತು ಇರುತ್ತೆ. ಒಂದು ಬೋರ್ಡು ಪುಕ್ಕಟೆ ಬರೆದುಕೊಟ್ಟಿದ್ದೀನಾ ನಾನು ಯಾರಿಗಾದ್ರೂ?"

ಬಾಗಿಲಲ್ಲಿ ನಿಂತು ತಲೆ ಬಾಚುತ್ತಿದ್ದ ನಾದಿನಿ ನಕ್ಕಳು. "ಕದ್ದು ತಂದದ್ದನ್ನ ಕಣ್ಣು ಮುಚ್ಚಿ ನಂಬ್ತೀಯ, ಕೈಯಾರೆ ಕೊಟ್ಟದ್ದನ್ನ ಅನುಮಾನ ಪಡ್ತೀಯ. ಭೇಷ್ ಅಪ್ಪ."

"ನೀನು ಸುಮ್ನಿರೇ" ಎಂದು ಮಾವ ಸೊಸೆಯ ಕಡೆ ತಿರುಗಿದರು.

"ದುಡ್ಡು ಕೊಟ್ಟು ಆ ಹಳೇ ಪ್ರೋಗ್ರಾಮನ್ನೇ ತಗೊಳ್ಳೋಕಾಗಲ್ವಾ?" ಮಾವ ಮೆಲ್ಲಗೆ ಕೇಳಿದರು.

"ಆಗುತ್ತೆ. ಕಂಪನಿಯವರ ಹತ್ತಿರವೇ ತಗೋಬೇಕು, ವರ್ಷ ವರ್ಷ ಕಟ್ಟಬೇಕು. ಅದೂ ಸರಿಯಾದ ದಾರಿನೇ. ಮೊದಲು ಇದನ್ನ ನೋಡೋಣ. ಇದರಲ್ಲಿ ಆಗ್ಲಿಲ್ಲ ಅಂದ್ರೆ ಅದು."

ಹೊಸ ವ್ಯವಸ್ಥೆ ಕೂರಿಸುವಷ್ಟರಲ್ಲಿ ಶುಕ್ರವಾರವೂ ಕಳೆಯಿತು. ಅಕ್ಷರದ ಪ್ರೋಗ್ರಾಂ ದೊಡ್ಡದು, ಮನೆಯ ಇಂಟರ್ನೆಟ್ ಕುಂಟುತ್ತಿತ್ತು. ಸೋಮವಾರ ಗ್ರಂಥಾಲಯದಿಂದ ಇಳಿಸಿ ತರುತ್ತೇನೆ ಎಂದಿದ್ದಳು. ನಾದಿನಿಗೆ ತಾಳ್ಮೆ ಇರಲಿಲ್ಲ. ಶನಿವಾರವೇ ಔಷಧಿ ಅಂಗಡಿಯ ಕಂಪ್ಯೂಟರಿನಿಂದ ಇಳಿಸಿಕೊಂಡು ಬಂದು ಪೆನ್‌ಡ್ರೈವನ್ನು ಮೇಜಿನ ಮೇಲೆ ಟಪ್ಪನೆ ಇಟ್ಟಳು.

"ತಗೋ ಅತ್ತಿಗೆ. ಹೆಸರು ಹಾಕಿ ಹುಡುಕಿದೆ, ಮೊದಲ ಸಾಲಲ್ಲೇ ಸಿಕ್ತು. ಎರಡು ನಿಮಿಷದ ಕೆಲಸ."

"ಮಾಡಿದವರ ಸ್ವಂತ ಪುಟದಿಂದ ತಂದ್ಯಾ?"

"ಅದೇ ಹೆಸರು, ಅದೇ ಚಿತ್ರ. ಇನ್ನೇನು ಅವರ ಮನೆಗೆ ಹೋಗಿ ಬೆಲ್ ಒತ್ತಬೇಕಿತ್ತಾ?"

ಸೊಸೆ ಪೆನ್‌ಡ್ರೈವನ್ನು ಮುಟ್ಟಲಿಲ್ಲ. ಒಂದು ಕಾಗದ ತಂದಳು. ತಯಾರಕರ ಪುಟದಲ್ಲಿ ಪ್ರತಿ ಫೈಲಿನ ಪಕ್ಕದಲ್ಲೂ ಅರವತ್ನಾಲ್ಕು ಅಕ್ಷರ, ಅಂಕಿಗಳ ಒಂದು ಸರ ಇರುತ್ತದೆ. ಫೈಲಿನಲ್ಲಿ ಒಂದು ಚುಕ್ಕೆ ಬದಲಾದರೂ ಸರ ಪೂರ್ತಿ ಬದಲಾಗುತ್ತದೆ. ಅದನ್ನು ಗ್ರಂಥಾಲಯದಲ್ಲಿ ಮೊದಲೇ ಮುದ್ರಿಸಿಕೊಂಡು ಬಂದಿದ್ದಳು.

"ಇದು ಇರಬೇಕಾದ ಸರ. ಈ ಪೆನ್‌ಡ್ರೈವಿನದು ಏನು ಬರುತ್ತೆ ನೋಡೋಣ. ತೆರೆಯೋದು ಬೇಡ, ಸರ ಮಾತ್ರ ಲೆಕ್ಕ ಹಾಕಿಸ್ತೀನಿ. ಮಾವ, ನೀವು ಕಾಗದ ಹಿಡ್ಕೊಳ್ಳಿ, ನಾನು ಓದ್ತೀನಿ."

ಮಾವ ಪೆನ್ಸಿಲ್ ಕಿವಿಯಿಂದ ತೆಗೆದರು. "ಮುಂದಿನಿಂದ ಓದಬೇಡ. ಕೊನೆಯಿಂದ ಓದು."

"ಯಾಕೆ?"

"ಬೋರ್ಡಿನ ತಪ್ಪು ಹುಡುಕೋದು ಹಾಗೇ. ಮುಂದಿನಿಂದ ಓದಿದ್ರೆ ಕಣ್ಣು ಇರೋದನ್ನ ಬಿಟ್ಟು ತನಗೆ ಬೇಕಾದ್ದನ್ನ ಓದ್ಕೊಳ್ಳುತ್ತೆ. ಒಂದು ಸಲ ಶಾಲೆ ಬೋರ್ಡಲ್ಲಿ ಒಂದಕ್ಷರ ನುಂಗಿಬಿಟ್ಟೆ. ಮೂರು ದಿನ ಮೇಷ್ಟ್ರುಗಳೇ ಅದರ ಕೆಳಗೆ ಓಡಾಡಿದ್ರು, ಒಬ್ಬನಿಗೂ ಕಾಣ್ಲಿಲ್ಲ. ಅವತ್ತಿಂದ ಕೊನೆಯಿಂದಲೇ."

ಅವಳು ಕೊನೆಯಿಂದ ಓದಿದಳು. ಮೊದಲ ಅಕ್ಷರಕ್ಕೇ ಮಾವ ಕೈ ಎತ್ತಿದರು.

"ಇನ್ನೊಂದು ಸಲ."

ಓದಿದಳು.

"ಇಲ್ಲ. ಇಲ್ಲಿ ನಾಲ್ಕು ಇದೆ. ಮುಂದಿನದು? ಅದೂ ಇಲ್ಲ." ಪೆನ್ಸಿಲ್ ಕಾಗದದ ಮೇಲಿಟ್ಟು ಮಗಳ ಕಡೆ ತಿರುಗಿದರು. "ಇದು ಅವರದಲ್ಲ."

"ಚಿತ್ರ ಅದೇ ಇತ್ತಪ್ಪ! ಬಣ್ಣ ಕೂಡ ಅದೇ!"

"ಬಣ್ಣ ಯಾರು ಬೇಕಾದ್ರೂ ಕಲಸ್ತಾರೆ. ಹಿಂದೆ ಒಬ್ಬ ಚಪ್ಪಲಿ ಅಂಗಡಿಯವನು ನನ್ನ ಬೋರ್ಡನ್ನ ಬೇರೆ ಯಾರ ಕೈಲೋ ನಕಲು ಮಾಡಿಸಿದ್ದ. ದೂರದಿಂದ ನಾನೇ ನಂದು ಅಂದ್ಕೊಂಡೆ. ಹತ್ತಿರ ಹೋಗಿ ಒಂದಕ್ಷರದ ಬಾಲ ನೋಡಿದೆ. ನಂದಲ್ಲ." ಮಾವ ಪೆನ್‌ಡ್ರೈವನ್ನು ಎರಡು ಬೆರಳಲ್ಲಿ ಎತ್ತಿ ನೋಡಿದರು. "ಇದು ಆ ಚಪ್ಪಲಿ ಅಂಗಡಿ."

ನಾದಿನಿ ಕೆಂಪಾದಳು. ಔಷಧಿ ಅಂಗಡಿಯ ಯಜಮಾನರಿಗೆ ಫೋನ್ ಮಾಡಿ, ಆ ಫೈಲನ್ನು ತಾನು ತೆರೆದಿಲ್ಲ, ಅಳಿಸಿಬಿಡಿ ಎಂದು ಎರಡೆರಡು ಸಲ ಹೇಳಿದಳು. ಫೋನ್ ಇಟ್ಟು, "ಮೊದಲ ಸಾಲಲ್ಲಿ ಬರೋದು ಜಾಹೀರಾತಂತೆ" ಎಂದಳು. "ಅಲ್ಲೇ ಸಣ್ಣಕ್ಷರದಲ್ಲಿ ಬರೆದಿತ್ತಂತೆ."

"ಸಣ್ಣಕ್ಷರ ಓದಲ್ಲ ನೀನು" ಎಂದರು ಮಾವ. "ಕೊಳ್ಳುವವರೂ ಓದಲ್ಲ. ಅದಕ್ಕೇ ಬರೆಸೋದು."

ಸೋಮವಾರ ಸೊಸೆ ತಂದ ಫೈಲಿನ ಸರವನ್ನು ಅವರಿಬ್ಬರೂ ಕೊನೆಯಿಂದ ಮೊದಲಿನವರೆಗೆ ಒಂದೊಂದಾಗಿ ಹೊಂದಿಸಿದರು. ಅವಳು ಹೇಳಿದ್ದಕ್ಕೆ ಮಾವ "ಹ್ಞೂಂ" ಅನ್ನುತ್ತ ಪೆನ್ಸಿಲಿನಲ್ಲಿ ಗೀಟು ಎಳೆದರು. ಅರವತ್ನಾಲ್ಕು ಹ್ಞೂಂ. ಕಾವಲು ಆರಿಸಬೇಕಾಗಿ ಬರಲಿಲ್ಲ, ವೈರು ಕೀಳಬೇಕಾಗಿ ಬರಲಿಲ್ಲ. ಕೆಂಪು ಚೌಕ ಏಳುತ್ತದೆಂದು ಮಾವ ಕುರ್ಚಿಯ ಅಂಚಿನಲ್ಲಿ ಕುಳಿತು ಕಾದರು. ಏಳಲಿಲ್ಲ.

"ಇಷ್ಟೇನಾ?" ಎಂದರು.

"ಇಷ್ಟೇ."

ಮಾವ ಪೆನ್ಸಿಲನ್ನು ಕಿವಿಗೆ ಸಿಕ್ಕಿಸಿಕೊಂಡರು.

ಕೆಲಸ ಅಷ್ಟು ಸುಲಭವಾಗಿ ಕೂಡಿಬರಲಿಲ್ಲ. ಪ್ರೋಗ್ರಾಂ ಹೊಸದು, ಗುಂಡಿಗಳೆಲ್ಲ ಬೇರೆ ಜಾಗದಲ್ಲಿ. ಮೊದಲ ಬಾಗಿಲ ಫಲಕ ಅಂಗೈಯಲ್ಲಿ ಅಡಗುವಷ್ಟು ಚಿಕ್ಕದಾಗಿ ಕತ್ತರಿಸಿ ಬಂತು. ಮಾವ ಅದನ್ನು ಹಿಡಿದು, "ಇಲಿಗಳ ಹೆರಿಗೆ ಆಸ್ಪತ್ರೆಗಾ ಇದು?" ಎಂದರು. ಒಳಗಿನ ಕೋಣೆಯಲ್ಲಿ ಬಟ್ಟೆ ಮಡಿಸುತ್ತಿದ್ದ ಅತ್ತೆಗೆ ನಗು ಬಂತು. ಕೆಮ್ಮಿ ಅದನ್ನು ಮುಚ್ಚಿಕೊಂಡರು.

ಅಕ್ಷರಗಳದ್ದೇ ದೊಡ್ಡ ಸಮಸ್ಯೆ. ಮಗ ಮಾಡಿದ್ದ ಅಕ್ಷರಗಳು ಬೀಗದೊಳಗೆ ಉಳಿದಿದ್ದವು. ಪುಕ್ಕಟೆ ಸಿಗುವ ಅಕ್ಷರಗಳನ್ನು ಸೊಸೆ ತೋರಿಸಿದಳು. ಮಾವನಿಗೆ ಯಾವುದೂ ಹಿಡಿಸಲಿಲ್ಲ. ಇದಕ್ಕೆ ಹೊಟ್ಟೆ ದಪ್ಪ, ಇದಕ್ಕೆ ಕಾಲಿಲ್ಲ ಎಂದರು. ಕೊನೆಗೆ ಅವರೇ ಡಬ್ಬಿಯಿಂದ ಒಂದು ಕುಂಚ ತೆಗೆದು, ದೊಡ್ಡ ಹಾಳೆಯ ಮೇಲೆ ಒಂದೊಂದೇ ಅಕ್ಷರ ಬರೆದರು. ಕೈ ನಡುಗಿದ ಕಡೆ ಗೆರೆ ಅಲೆಯಾಯಿತು. ಸೊಸೆ ಹಾಳೆಯ ಫೋಟೋ ತೆಗೆದು, ಪ್ರೋಗ್ರಾಮಿನಲ್ಲಿ ಅಂಚು ಹಿಡಿಸಿ, ಅಲೆಯನ್ನು ನೇರ ಮಾಡಿದಳು.

"ಎಲ್ಲಾ ನೇರ ಮಾಡಬೇಡ" ಎಂದರು ಮಾವ. "ಸ್ವಲ್ಪ ಬಿಡು. ಕೈ ಬರಹ ಅಂತ ಗೊತ್ತಾಗಲಿ."

ಹೀಗೆ ಹತ್ತು ದಿನ ನಡೆಯಿತು. ಬೆಳಿಗ್ಗೆ ಗ್ರಂಥಾಲಯಕ್ಕೆ ಹೋಗುವ ಮೊದಲು ಒಂದು ಗಂಟೆ, ಸಂಜೆ ಬಂದ ಮೇಲೆ ಊಟದವರೆಗೆ. ನಾದಿನಿ ಸ್ಟಿಕ್ಕರ್ ಬಿಡಿಸಿ ಹಲಗೆಗೆ ಅಂಟಿಸಿದಳು. ಗುಳ್ಳೆ ಎದ್ದರೆ ಸೂಜಿಯಿಂದ ಚುಚ್ಚಿ ಬಟ್ಟೆಯಿಂದ ಒತ್ತುವುದನ್ನು ತಂದೆಯಿಂದ ಕಲಿತಳು. ಪ್ರಸವ ಕೋಣೆ, ಶಿಶು ವಿಭಾಗ, ಕೈ ತೊಳೆಯುವ ಜಾಗ, ಒಳಗೆ ಬರಬಾರದು. ಒಂದೊಂದು ಹಲಗೆಯನ್ನೂ ಮಾವ ಕೊನೆಯಿಂದ ಓದಿ ಗೋಡೆಗೆ ಒರಗಿಸಿದರು. ತಟ್ಟೆ ಮಾತ್ರ ದಿನವೂ ನಲ್ಲಿಯ ಕೆಳಗೆ ಕಾಯುತ್ತಿತ್ತು.

ತಿಂಗಳು ಮುಗಿಯಲು ಎರಡು ದಿನ ಇರುವಾಗ ಆಸ್ಪತ್ರೆಯ ವ್ಯಾನು ಬಂದು ನಲವತ್ತೆಂಟನ್ನೂ ಒಯ್ದಿತು. ಗಾಜಿನ ಅಂಗಡಿಯವನು ಎದುರು ನಿಂತು ನೋಡಿ, "ಯಂತ್ರ ಕೊಡೋದು ಇಲ್ಲ ಹಾಗಾದ್ರೆ?" ಎಂದು ಕೇಳಿದ.

"ಇಲ್ಲ" ಎಂದರು ಮಾವ.

ಆ ಮಧ್ಯಾಹ್ನ ಊಟ ಮುಗಿದ ಮೇಲೆ ಅವರು ಗಡಿಯಾರದ ಹಿಂದಿನ ಚೀಟಿ ತೆಗೆದರು. ಊಟದ ಕೋಣೆಗೆ ತಂದು, ಕಿಟಕಿಯ ಬೆಳಕಿಗೆ ಹಿಡಿದು, ಬೋರ್ಡು ನೋಡುವ ಹಾಗೆ ಕೊನೆಯಿಂದ ಓದತೊಡಗಿದರು.

"ಒತ್ತು. ಹೌದು. ಹೆದರಬೇಡ. ಬಂದರೆ. ಎಚ್ಚರಿಕೆ. ಕೆಂಪು."

ಅಲ್ಲಿ ನಿಂತರು. ಅತ್ತೆ ತಟ್ಟೆಗಳನ್ನು ಒಂದರ ಮೇಲೊಂದು ಇಡುತ್ತಿದ್ದರು. ಸೊಸೆ ಮೇಜು ಒರೆಸುತ್ತಿದ್ದಳು.

"ಕೆಂಪು ಎಚ್ಚರಿಕೆ ಬಂದ್ರೆ ಹೆದರಬೇಕು" ಎಂದರು ಮಾವ. ಬೋರ್ಡಿನ ಅಕ್ಷರದ ಬಗ್ಗೆ ಹೇಳುವ ದನಿಯಲ್ಲೇ ಹೇಳಿದರು. "ಇಲ್ಲಿ ತಪ್ಪಿದೆ."

ಅತ್ತೆ ತಲೆ ಎತ್ತಲಿಲ್ಲ. "ಅವನಿಗೆ ಹುಷಾರಿರಲಿಲ್ಲ ಅವತ್ತು."

"ಇರಲಿಲ್ಲ."

"ಅವಸರದಲ್ಲಿ ಬರೆದ."

"ಅವಸರದಲ್ಲಿ ಬರೆದ" ಎಂದರು ಮಾವ. "ಅವಸರದಲ್ಲಿ ನಾನೂ ಬರೆದಿದ್ದೀನಿ. ಬೋರ್ಡು ಇಳಿಸಿ ತಿದ್ದಬೇಕಾಗುತ್ತೆ."

ಸೊಸೆ ಒರೆಸುವ ಬಟ್ಟೆ ಹಿಂಡಿದಳು. "ನಾನು ಪಕ್ಕದಲ್ಲೇ ಇದ್ದೆ, ಅವರು ಬರೆಯುವಾಗ" ಎಂದಳು. "ಓದಿದ್ದೆ. ಬೇಡ ಅನ್ನಬಹುದಿತ್ತು. ಆಸ್ಪತ್ರೆಗೆ ಹೊರಟವರ ಹತ್ತಿರ ಯಾಕೆ ಜಗಳ ಅಂತ ಸುಮ್ಮನಾದೆ."

ಅಷ್ಟು ದಿನಗಳಲ್ಲಿ ಮೊದಲ ಸಲ ಅತ್ತೆ ಅವಳ ಮುಖ ನೋಡಿದರು. ಗಂಡನ ಕೈಯಿಂದ ಚೀಟಿ ತೆಗೆದುಕೊಂಡು, ಸೆರಗಿಗೆ ಒರೆಸಿ, ಬೀರುವಿನಲ್ಲಿ ಆ ಡಿಸ್ಕಿನ ಕೆಳಗೆ ಇಟ್ಟು ಬಂದರು. ಸೊಸೆ ಗ್ರಂಥಾಲಯಕ್ಕೆ ಹೊರಟಳು.

ಸಂಜೆ ಬಂದಾಗ ಅಂಗಡಿಯಲ್ಲಿ ಬಣ್ಣದ ವಾಸನೆ ಇತ್ತು. ಗಡಿಯಾರದ ಕೆಳಗೆ ಒಂದು ಸಣ್ಣ ತಗಡಿನ ಹಲಗೆ ತೂಗುತ್ತಿತ್ತು. ಬಣ್ಣ ಇನ್ನೂ ಒಣಗಿರಲಿಲ್ಲ. ಕುಂಚದ ಬರಹ, ಅಲ್ಲಲ್ಲಿ ಗೆರೆ ಅಲೆಯಾಗಿತ್ತು.

"ಓದು" ಎಂದರು ಮಾವ. "ತಪ್ಪಿದ್ರೆ ಈಗಲೇ ಹೇಳು. ಒಣಗಿದ ಮೇಲೆ ಕಷ್ಟ. ಕೊನೇ ಸಾಲು ನಿಮ್ಮತ್ತೆ ಹೇಳಿ ಬರೆಸಿದ್ದು. ನಾನು ಅಷ್ಟು ಸಾಕು ಅಂದಿದ್ದೆ. ಸೊಸೆ ಮನೇಲಿ ಇಲ್ಲದಿದ್ರೆ ಏನ್ಮಾಡ್ತೀರಿ ಅಂದ್ಲು."

ಸೊಸೆ ಚೀಲ ಹೆಗಲಿನಿಂದ ಇಳಿಸಿದಳು. ಕೊನೆಯಿಂದ ಓದಿದಳು.

"ಕಾದಿರು. ತನಕ. ಬರುವ. ಅವಳು. ಕರೆ. ಸೊಸೆಯನ್ನು. ನಿಲ್ಲು. ಬಂದರೆ. ಎಚ್ಚರಿಕೆ. ಕೆಂಪು."

"ಏನಂತೀಯ?"

"ಸರಿಯಾಗಿದೆ ಮಾವ."

ಅವಳು ಕೈ ತೊಳೆಯಲು ಒಳಗೆ ಹೋದಳು. ನಲ್ಲಿಯ ಕೆಳಗೆ ಏನೂ ಇರಲಿಲ್ಲ. ನಾಲ್ಕು ತಟ್ಟೆಗಳೂ ಗೂಡಿನಲ್ಲಿ ಕವುಚಿದ್ದವು, ಅವುಗಳಿಂದ ನೀರು ಇನ್ನೂ ತೊಟ್ಟಿಕ್ಕುತ್ತಿತ್ತು.